ಹೊತ್ತು ಹಿಡಿಯುವ ಭಾಗವತರು

ನಾನು ಬರೆಯುತ್ತಿರುವ ಕಥೆಯಲ್ಲಿ ವೆಂಕಪ್ಪಯ್ಯ ಅಂತ ಒಬ್ಬರು ಭಾಗವತರಿದ್ದಾರೆ, ಅಂದರೆ ಯಕ್ಷಗಾನದಲ್ಲಿ ಹಾಡುವವರು. ಅವರು ನನ್ನ ನೋಟ್‌ಬುಕ್ಕಿನಲ್ಲಿ ಮಾತ್ರ ಇರುವವರು. ಬಡಗುತಿಟ್ಟಿನ, ಅಂದರೆ ಯಕ್ಷಗಾನದ ಉತ್ತರದ ಶೈಲಿಯ, ಮೇಳವೊಂದರಲ್ಲಿ ಪದ್ಯ ಹೇಳುತ್ತಾರೆ. ಅವರಿಗೊಂದು ಮಾಟ ಗೊತ್ತು. ಅವರು ಹಾಡಲು ಕೂತರೆ ಹೊತ್ತು ಅವರು ಹೇಳಿದ ಹಾಗೆ ಕೇಳುತ್ತದೆ.

ಅವರ ಬಾಲ್ಯ ಸಲೀಸಾಗಿ ಬಂತು. ಆಟದ ಮೊದಲಿಗೆ ಬರುವ ಕೋಡಂಗಿ ವೇಷ ಕುಣಿದು ಮೇಳ ಸೇರಿದ್ದು, ವೇಷ ಕಟ್ಟುವ ಚೌಕಿಯಲ್ಲಿ ಪೆಟ್ಟಿಗೆಗಳ ನಡುವೆ ಮಲಗಿ ಪದ್ಯ ಬಾಯಿಪಾಠ ಮಾಡಿದ್ದು ಎಲ್ಲ ಬರೆದೆ. ಆದರೆ ಅವರು ಹಾಡುವಾಗ ಹೊತ್ತಿಗೆ ನಿಜವಾಗಿ ಏನಾಗುತ್ತದೆ? ಗಡಿಯಾರ ನಿಲ್ಲುತ್ತದೆಯೇ? ಜನ ಗೊಂಬೆಗಳಾಗುತ್ತಾರೆಯೇ? ಇದು ನನಗೆ ಹಿಡಿಸಲಿಲ್ಲ. ಎಲ್ಲವನ್ನೂ ನಿಲ್ಲಿಸಿಬಿಡುವುದರಲ್ಲಿ ಕಲೆ ಏನಿದೆ?

ಆಗಲೇ ಮಾವನ ಫೋನ್ ಬಂತು. ಅವರ ಊರಿನಲ್ಲಿ ಒಂದು ಮನೆಯವರ ಹರಕೆಯ ಯಕ್ಷಗಾನ ಆಟ. ಮೊದಲು 'ಅಭಿಮನ್ಯು ಕಾಳಗ', ಆಮೇಲೆ 'ಸೈಂಧವ ವಧೆ'. ಬೆಳಗಿನವರೆಗೆ. ಈಗ ಎಷ್ಟೋ ಮೇಳಗಳು ಕಾಲಮಿತಿಗೆ ಬಂದಿವೆ, ನಡುರಾತ್ರಿ ಹೊತ್ತಿಗೆ ಮಂಗಳ ಹಾಡಿ ಮುಗಿಸುತ್ತಾರೆ. ಇಡೀ ರಾತ್ರಿಯ ಆಟ ಸಿಕ್ಕಾಗ ಬಿಡಬಾರದು ಅಂತ ಹೊರಟೆ.

ಮಾವ ವಯಸ್ಸಿನಲ್ಲಿ ಮದ್ದಳೆ ಬಾರಿಸಿದವರು. ಅವರು ರಂಗಸ್ಥಳದ ಎದುರು ಕೂರುವುದಿಲ್ಲ. ಪಕ್ಕದಲ್ಲಿ, ಹಾಡು, ಮದ್ದಳೆ, ಚೆಂಡೆಯ ಹಿಮ್ಮೇಳ ಕಾಣುವ ಹಾಗೆ ಕುರ್ಚಿ ಹಾಕಿಕೊಳ್ಳುತ್ತಾರೆ. ನನ್ನನ್ನೂ ಅಲ್ಲೇ ಕೂರಿಸಿದರು. "ವೇಷ ಎಲ್ಲರೂ ಕಾಣ್ತ್ರ್. ನೀನು ಭಾಗವತರ ಕೈ ಕಾಣ್" ಅಂದರು.

ನಾನು ಕೈ ನೋಡುತ್ತ ಕೂತೆ. ಭಾಗವತರ ಕೈಯಲ್ಲಿ ಪುಟ್ಟ ಕಂಚಿನ ತಾಳ. ಕಣ್ಣು ಮಾತ್ರ ವೇಷಧಾರಿಯ ಕಾಲಿನ ಮೇಲೆ. ಪದ್ಯ ಬರೆದಿಟ್ಟದ್ದು, ತಾಳ ಗೊತ್ತುಮಾಡಿದ್ದು. ತ್ರಿವುಡೆ ಅಂದರೆ 7 ಅಕ್ಷರ, ಝಂಪೆ ಅಂದರೆ 10. ಅದನ್ನು ಯಾರೂ ಹಿಗ್ಗಿಸುವ ಹಾಗಿಲ್ಲ. ಆದರೆ ಪದ್ಯದ ನಂತರ ವೇಷಧಾರಿ ಆಡುವ ಅರ್ಥಗಾರಿಕೆ ಆಶುಮಾತು. ಅದು ಎರಡು ನಿಮಿಷಕ್ಕೂ ಮುಗಿಯಬಹುದು, ಅರ್ಧ ಗಂಟೆಗೂ ಬೆಳೆಯಬಹುದು. ಮಾತು ಚೆನ್ನಾಗಿ ಏರುತ್ತಿದ್ದರೆ ಭಾಗವತರು ಕಾಯುತ್ತಾರೆ. ಸೋಲತೊಡಗಿದರೆ ಮುಂದಿನ ಪದ್ಯ ಎತ್ತಿಬಿಡುತ್ತಾರೆ. ಸೂರ್ಯ ಹುಟ್ಟುವ ಹೊತ್ತಿಗೆ ಕಥೆ ಮುಗಿಯಬೇಕು. ಅಷ್ಟರೊಳಗೆ ಯಾವ ಪದ್ಯ ಇರಬೇಕು, ಯಾವುದು ಹೋಗಬೇಕು ಅನ್ನುವ ಲೆಕ್ಕವೂ ಅವರ ತಲೆಯಲ್ಲೇ ನಡೆಯುತ್ತದೆ. ಭಾಗವತರೇ ಮೊದಲನೇ ವೇಷಧಾರಿ ಅಂತ ಹಿರಿಯರು ಹೇಳುವುದು ಸುಮ್ನೆ ಅಲ್ಲ.

ಅಭಿಮನ್ಯು ತಾಯಿಯ ಅಪ್ಪಣೆ ಕೇಳುವ ಸನ್ನಿವೇಶ ಬಂತು. ಯುದ್ಧದ 13ನೇ ದಿನ ಅದು. ಹದಿನಾರರ ಹುಡುಗ ಚಕ್ರವ್ಯೂಹಕ್ಕೆ ಹೊರಟು ನಿಂತಿದ್ದಾನೆ. ಅವನು ವಾಪಸ್ ಬರುವುದಿಲ್ಲ ಅಂತ ನೋಡುವ ಎಲ್ಲರಿಗೂ ಗೊತ್ತು. ಸುಭದ್ರೆ ಅವನನ್ನು ಬಿಡಲೊಲ್ಲಳು. ಭಾಗವತರು ಒಂದು ಸಾಲನ್ನು ಹಿಡಿದುಕೊಂಡರು. ಅದೇ ಸಾಲು ಮತ್ತೆ, ಮತ್ತೆ. ಪ್ರತಿ ಸಲ ರಾಗದ ಬೇರೆ ಮೂಲೆಯಿಂದ. ಹುಡುಗ ಬಾಗಿಲಿನವರೆಗೆ ಹೋಗುತ್ತಾನೆ, ಸಾಲು ಅವನನ್ನು ಹಿಂದಕ್ಕೆ ಕರೆಯುತ್ತದೆ. ದ್ರೋಣ, ಕರ್ಣ, ಇಡೀ ಕುರುಕ್ಷೇತ್ರ ಹೊರಗೆ ಕಾಯುತ್ತಿದೆ, ಒಬ್ಬ ತಾಯಿ ಮಗನನ್ನು ಬಿಡಲಿ ಅಂತ. ನನ್ನ ಮುಂದೆ ಕೂತಿದ್ದ ಅಜ್ಜಿ ಸೆರಗಿನಲ್ಲಿ ಕಣ್ಣು ಒರೆಸಿಕೊಳ್ಳುತ್ತಲೇ ಇದ್ದರು. ಅಷ್ಟು ಹೊತ್ತೂ ಭಾಗವತರ ಕೈಯ ತಾಳ ಒಂದು ಕೂದಲೆಳೆಯಷ್ಟೂ ಜಾರಲಿಲ್ಲ.

ಚಹಾ ಕುಡಿಯಲು ಎದ್ದಾಗ ಮಾವನನ್ನು ಕೇಳಿದೆ: "ಮಾವ, ಅವರು ಹೊತ್ತನ್ನು ನಿಲ್ಲಿಸಿದ ಹಾಗೆ ಆಯ್ತಲ್ಲ, ಹೇಗೆ?"

"ನಿಲ್ಸಲಿಲ್ಲ ಮಾರಾಯಾ. ತಾಳ ಬಿಟ್ರೆ ಎಲ್ಲ ಹೋಯ್ತ್. ತಾಳ ಗಟ್ಟಿ ಇದ್ರೆ ಒಳಗೆ ಎಷ್ಟ್ ಬೇಕಾರೂ ಜಾಗ ಇತ್ತ್" ಅಂದರು ಮಾವ.

ಕಥೆಯ ಬಾಗಿಲು ನನಗೆ ತೆರೆದದ್ದು ಅಲ್ಲಿ.

'ಸೈಂಧವ ವಧೆ'ಯಲ್ಲಂತೂ ಕೃಷ್ಣನೇ ಹೊತ್ತಿನ ಜೊತೆ ಆಟವಾಡುತ್ತಾನೆ. ಸೂರ್ಯ ಮುಳುಗುವುದರೊಳಗೆ ಸೈಂಧವನನ್ನು ಕೊಲ್ಲದಿದ್ದರೆ ಬೆಂಕಿಗೆ ಬೀಳುತ್ತೇನೆ ಅಂತ ಅರ್ಜುನ ಶಪಥ ಮಾಡಿದ್ದಾನೆ. ಕೃಷ್ಣ ಚಕ್ರವನ್ನು ಸೂರ್ಯನಿಗೆ ಅಡ್ಡ ಹಿಡಿಯುತ್ತಾನೆ. ಕತ್ತಲಾಯಿತು ಅಂತ ಸೈಂಧವ ಅಡಗಿದ್ದಲ್ಲಿಂದ ಹೊರಬರುತ್ತಾನೆ. ರಂಗಸ್ಥಳದಲ್ಲಿ ಒಂದು ಟ್ಯೂಬ್‌ಲೈಟನ್ನೂ ಆರಿಸಲಿಲ್ಲ. ಭಾಗವತರು ಸ್ವರ ಕೆಳಗಿಳಿಸಿದರು, ಚೆಂಡೆ ಸುಮ್ಮನಾಯಿತು, ಬರೀ ಮದ್ದಳೆ ಉಳಿಯಿತು. ನಮಗೆಲ್ಲ ಸಂಜೆಯಾಯಿತು. ಆಮೇಲೆ ಚೆಂಡೆ ಒಮ್ಮೆಲೇ ಎದ್ದಾಗ ಮತ್ತೆ ಹಗಲು. ಹೊರಗೆ ಗದ್ದೆಯ ಆಚೆ ನಿಜವಾಗಿಯೂ ಬೆಳಕು ಹರಿಯುತ್ತಿತ್ತು. ಅದೂ ಭಾಗವತರ ಲೆಕ್ಕದಲ್ಲಿ ಇದ್ದಿರಲೇಬೇಕು.

ವಾಪಸ್ ಬರುವ ದಾರಿಯಲ್ಲಿ ಭಾಗವತ ಪುರಾಣದ ರೈವತ ರಾಜನ ಕಥೆ ನೆನಪಾಯಿತು. ಮಗಳು ರೇವತಿಗೆ ಗಂಡು ಯಾರು ಅಂತ ಕೇಳಲು ಅವಳನ್ನು ಕರೆದುಕೊಂಡು ಬ್ರಹ್ಮನ ಸಭೆಗೆ ಹೋಗುತ್ತಾನೆ. ಅಲ್ಲಿ ಗಂಧರ್ವರ ಹಾಡು ನಡೆದಿರುತ್ತದೆ. ಮುಗಿಯಲಿ ಅಂತ ಕಾಯುತ್ತಾನೆ, ಸ್ವಲ್ಪ ಹೊತ್ತು. ಆಮೇಲೆ ಕೇಳಿದರೆ ಬ್ರಹ್ಮ ನಗುತ್ತಾನೆ. ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗ ಕಳೆದಿದೆ! ಒಂದು ಚತುರ್ಯುಗಕ್ಕೆ 43,20,000 ವರ್ಷ. ಒಟ್ಟು 11 ಕೋಟಿ 66 ಲಕ್ಷದ ಮೇಲಾಯಿತು. ರಾಜ ಮನಸ್ಸಿನಲ್ಲಿ ಇಟ್ಟುಕೊಂಡಿದ್ದ ಗಂಡುಗಳು, ಅವರ ಮೊಮ್ಮಕ್ಕಳು, ಯಾರ ಹೆಸರೂ ಉಳಿದಿಲ್ಲ. ಕೊನೆಗೆ ರೇವತಿ ಬಲರಾಮನ ಕೈ ಹಿಡಿಯುತ್ತಾಳೆ. ಹಾಡು ಕೇಳಿದ್ದಕ್ಕೆ ಇಷ್ಟು ದೊಡ್ಡ ಬೆಲೆ ತೆತ್ತವರು ಬೇರೆ ಯಾರೂ ನನಗೆ ಗೊತ್ತಿಲ್ಲ.

ನನ್ನ ವೆಂಕಪ್ಪಯ್ಯನವರಿಗೂ ಒಂದು ಬೆಲೆ ಇರಬೇಕು, ಅಲ್ವಾ? ಅದನ್ನು ಯೋಚಿಸುವಾಗ ಮಾವ ಗುಂಡ್ಮಿ ಕಾಳಿಂಗ ನಾವಡರ ಪದ್ಯ ಹಾಕಿದರು. ಹಳೇ ಕ್ಯಾಸೆಟ್‌ನಿಂದ ಮೊಬೈಲಿಗೆ ಬಂದದ್ದು. ನಾವಡರು ಹುಟ್ಟಿದ್ದು 1958ರಲ್ಲಿ. 1990ರಲ್ಲಿ ರಸ್ತೆ ಅಪಘಾತದಲ್ಲಿ ಹೋಗಿಬಿಟ್ಟರು. ಅಷ್ಟು ಚಿಕ್ಕ ಆಯುಷ್ಯದಲ್ಲಿ ಬಡಗಿನ ಹಾಡಿಕೆಯ ದಾರಿಯನ್ನೇ ಬದಲಿಸಿದವರು. ಮಾವ ಕಣ್ಣು ಮುಚ್ಚಿ ತೊಡೆಯ ಮೇಲೆ ತಾಳ ಹಾಕುತ್ತಿದ್ದರು. ಆ ಪದ್ಯ ಮುಗಿಯುವವರೆಗೆ ನಾನು ಅವರನ್ನು ಮಾತಾಡಿಸಲಿಲ್ಲ.

ಮನೆಗೆ ಬಂದು ಗೊಂಬೆಗಳಾಗಿ ನಿಲ್ಲುವ ಜನರ ಪುಟಗಳನ್ನೆಲ್ಲ ತೆಗೆದುಹಾಕಿದೆ. ಈಗ ನನ್ನ ಭಾಗವತರು ಯಾವ ಗಡಿಯಾರವನ್ನೂ ಮುಟ್ಟುವುದಿಲ್ಲ. ತಾಳ ಅವರದ್ದು ಎಲ್ಲರಿಗಿಂತ ಗಟ್ಟಿ. ಅದರೊಳಗೆ ಅವರು ಜಾಗ ಮಾಡುತ್ತಾರೆ, ತಾಯಿಗೆ, ಮಗನಿಗೆ, ಕೇಳುವವರಿಗೆ. ಹಾಗೆ ಕೊಡುವ ಹೊತ್ತೆಲ್ಲ ಅವರ ಸ್ವಂತ ಆಯುಷ್ಯದಿಂದಲೇ ಹೋಗುತ್ತದೆ. ಅವರಿಗದು ಗೊತ್ತು, ಮೇಳದಲ್ಲಿ ಬೇರೆ ಯಾರಿಗೂ ಗೊತ್ತಿಲ್ಲ.

ಮುಂದಿನ ಅಧ್ಯಾಯದಲ್ಲಿ ಅವರ ಮೇಳ ಕಾಲಮಿತಿಗೆ ಬರುತ್ತದೆ. ಮಧ್ಯರಾತ್ರಿಯೊಳಗೆ ಅಭಿಮನ್ಯು ಬೀಳಬೇಕು. ಸುಭದ್ರೆಯ ಪದ್ಯಗಳಲ್ಲಿ ಯಾವುದನ್ನು ಬಿಡಬೇಕು ಅಂತ ವೆಂಕಪ್ಪಯ್ಯನವರು ಇನ್ನೂ ತೀರ್ಮಾನಿಸಿಲ್ಲ. ಮಾವನನ್ನು ಕೇಳಬೇಕು.