ಹ್ಯಾಂಡಲ್ ಲೊಡಲೊಡ ಅಂತಿದೆ, ಯಾವ ಬೋಲ್ಟ್ ಬಿಗಿ ಮಾಡಲಿ?

ಈ ಪ್ರಶ್ನೆ ನನ್ನ ಫೋನಿಗೆ ಬರುವುದು ಸಾಮಾನ್ಯವಾಗಿ ಹತ್ತು ಹದಿನೈದು ಸೆಕೆಂಡಿನ ವಿಡಿಯೋ ಜೊತೆಗೆ. ಯಾರದೋ ಕೈ ಕಿಕ್ ಸ್ಕೂಟರಿನ ಹ್ಯಾಂಡಲ್ ಹಿಡಿದು ಜಗ್ಗುತ್ತಿರುತ್ತದೆ, ಎಲ್ಲಿಂದಲೋ ಟಕ್ ಟಕ್ ಸದ್ದು, ಕೆಳಗೆ ಒಂದು ಸಾಲು: "ಲೂಸ್ ಆಗಿದೆ, ಯಾವ ಬೋಲ್ಟ್ ಟೈಟ್ ಮಾಡಬೇಕು?" ಪೆಟ್ರೋಲ್ ಕುಡಿಯುವ ಸ್ಕೂಟರಿನ ಮಾತಲ್ಲ ಇದು. ಒಂದು ಕಾಲು ಹಲಗೆಯ ಮೇಲಿಟ್ಟು ಇನ್ನೊಂದರಿಂದ ನೆಲ ಒದ್ದು ಓಡಿಸುವ ಸ್ಕೂಟರಿನದು. ಮಕ್ಕಳ ಮಡಚುವ ಸ್ಕೂಟರಿನಿಂದ ಸ್ಟಂಟ್ ಹುಡುಗರ ಗಟ್ಟಿ ಸ್ಕೂಟರಿನವರೆಗೆ ಎಷ್ಟೋ ನನ್ನ ಕೈಗೆ ಬಂದು ಹೋಗಿವೆ, ಹಾಗಾಗಿ ಗುರುತಿನವರು ನನ್ನನ್ನೇ ಕೇಳುತ್ತಾರೆ. ನಾನು ತಿರುಗಿ ಕೇಳುವುದು ಒಂದೇ: ಹೇಗೆ ಲೂಸು?

ಕೆಲವರಿಗೆ ಸಿಟ್ಟು ಬರುತ್ತದೆ. ಲೂಸ್ ಅಂದರೆ ಲೂಸ್, ಅದರಲ್ಲೇನು ಹೇಗೆ? ಆದರೆ ಚಕ್ರ ನೆಟ್ಟಗಿದ್ದು ಹ್ಯಾಂಡಲ್ ಮಾತ್ರ ಎಡಕ್ಕೋ ಬಲಕ್ಕೋ ತಿರುಗಿಕೊಂಡರೆ ಅದು ಕ್ಲ್ಯಾಂಪಿನ (ಹ್ಯಾಂಡಲ್ ಕಂಬವನ್ನು ಸುತ್ತಲಿಂದ ಬಿಗಿದು ಹಿಡಿಯುವ ಭಾಗದ) ತೊಂದರೆ. ಹ್ಯಾಂಡಲ್, ಚಕ್ರ ಎರಡೂ ಒಟ್ಟಿಗೇ ತಿರುಗುತ್ತವೆ, ಹಿಂದಕ್ಕೆ ಮುಂದಕ್ಕೆ ಜಗ್ಗಿದಾಗ ಮಾತ್ರ ಟಕ್ ಅನ್ನುತ್ತದೆ ಎಂದಾದರೆ ಅದು ಹೆಡ್‌ಸೆಟ್, ಬೈಕ್ ಮೆಕ್ಯಾನಿಕ್‌ಗಳು ಕೋನ್‌ಸೆಟ್ ಅನ್ನುವ ಬೇರಿಂಗ್ ಜೋಡಿ. ಕಂಬ ಹಲಗೆಗೆ ಸೇರುವ ಮಡಿಕೆಯಲ್ಲೇ, ಅಂದರೆ ಸ್ಕೂಟರ್ ಮಡಚುವ ಕೀಲಿನಲ್ಲೇ, ಆಟ ಇದ್ದರೆ ಮೂರನೆಯದು. ಎತ್ತರ ಹೊಂದಿಸುವ ಕೊಳವೆ ಒಳಗೊಳಗೇ ಅಲ್ಲಾಡಿದರೆ ನಾಲ್ಕನೆಯದು. ನಾಲ್ಕಕ್ಕೂ ಸದ್ದು ಹೆಚ್ಚುಕಡಿಮೆ ಒಂದೇ. ಬಿಗಿ ಮಾಡುವ ಜಾಗ ಮಾತ್ರ ಬೇರೆ ಬೇರೆ.

ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದರಂತೆ. ನಾನು ಮೊದಲ ಸಲ ಮಾಡಿದ್ದು ಅದನ್ನೇ. ಸಡಿಲವಾಗಿದ್ದದ್ದು ಹೆಡ್‌ಸೆಟ್, ಕಣ್ಣಿಗೆ ಕಂಡದ್ದು ಕ್ಲ್ಯಾಂಪಿನ ಎರಡು ಬೋಲ್ಟು. ಅಲೆನ್ ಕೀ ಹಾಕಿ ತಿರುಗಿಸಿದೆ, ಲೊಡಲೊಡ ಹೋಗಲಿಲ್ಲ. ಇನ್ನಷ್ಟು ತಿರುಗಿಸಿದೆ. ಕೀ ಸಾಲದು ಅನ್ನಿಸಿ ಅದರ ತುದಿಗೆ ಪೈಪ್ ಸಿಕ್ಕಿಸಿ ತಿರುಗಿಸಿದೆ. ಒಂದು ಹಂತದಲ್ಲಿ ಬೋಲ್ಟು ಇದ್ದಕ್ಕಿದ್ದಂತೆ ಹಗುರಾಯಿತು. ಆ ಹಗುರದ ಅರ್ಥ, ಕ್ಲ್ಯಾಂಪಿನ ಒಳಗಿನ ಥ್ರೆಡ್ ಕಿತ್ತು ಬಂತು ಅಂತ. ಲೊಡಲೊಡ ಹಾಗೇ ಇತ್ತು, ಜೊತೆಗೆ ಹೊಸ ಕ್ಲ್ಯಾಂಪ್ ಕೊಳ್ಳುವ ಕೆಲಸ.

ಆದ್ದರಿಂದ ಮೊದಲು ಪರೀಕ್ಷೆ. ಸಲಕರಣೆ ಬೇಡ, ಒಂದು ಗೋಡೆ ಸಾಕು. ಮುಂದಿನ ಚಕ್ರವನ್ನು ಗೋಡೆಗೆ ಒತ್ತಿ ಹಿಡಿದು ಹ್ಯಾಂಡಲನ್ನು ಹಿಂದೆ ಮುಂದೆ ಜಗ್ಗಿ. ಇನ್ನೊಂದು ಕೈಯ ಬೆರಳನ್ನು ಹೆಡ್‌ಸೆಟ್ ಸಂದಿಯ ಮೇಲಿಡಿ. ಅಂದರೆ ತಿರುಗುವ ಭಾಗ ತಿರುಗದ ಭಾಗಕ್ಕೆ ಸೇರುವ ಗೆರೆಯ ಮೇಲೆ. ಅಲ್ಲಿ ಮಿಡಿತ ತಾಗಿದರೆ ಹೆಡ್‌ಸೆಟ್. ತಾಗದಿದ್ದರೆ ಬೆರಳನ್ನು ಮಡಿಕೆಗೆ ಇಳಿಸಿ, ಆಮೇಲೆ ಎತ್ತರ ಹೊಂದಿಸುವ ಕೊಳವೆಯನ್ನು ಹಿಡಿಯುವ ಪಟ್ಟಿಗೆ ಏರಿಸಿ. ಕಿವಿ ಮೋಸ ಮಾಡುತ್ತದೆ, ಟೊಳ್ಳು ಕೊಳವೆಯಲ್ಲಿ ಸದ್ದು ಎಲ್ಲಿಂದ ಬಂತೆಂದೇ ತಿಳಿಯುವುದಿಲ್ಲ. ಬೆರಳು ತಪ್ಪು ಹೇಳುವುದು ಕಡಿಮೆ. ಇನ್ನು ಕ್ಲ್ಯಾಂಪಿಗೆ, ಚಕ್ರವನ್ನು ಮೊಣಕಾಲುಗಳ ನಡುವೆ ಅಮುಕಿ ಹಿಡಿದು ಹ್ಯಾಂಡಲ್ ತಿರುವಿ ನೋಡಿ. ಚಕ್ರ ಅಲ್ಲೇ ಇದ್ದು ಹ್ಯಾಂಡಲ್ ಜಾರಿದರೆ ಉತ್ತರ ಸಿಕ್ಕಿತು.

ಸಣ್ಣ ಸಡಿಲ ಕೈಗೆ ದೊಡ್ಡದಾಗಿ ತಿಳಿಯುತ್ತದೆ, ಅದಕ್ಕೆ ಗಾಬರಿ ಬೇಡ. ಎರಡು ಬೇರಿಂಗ್‌ಗಳ ನಡುವೆ 10 ಸೆಂ.ಮೀ. ಅಂತರ, ಹ್ಯಾಂಡಲ್ ಅಲ್ಲಿಂದ 70 ಸೆಂ.ಮೀ. ಮೇಲೆ ಎಂದುಕೊಳ್ಳಿ. ಕೆಳಗಿನ ಕಾಲು ಮಿ.ಮೀ. ಆಟ ಕೈಗೆ ಬರುವಷ್ಟರಲ್ಲಿ ಎರಡು ಮಿ.ಮೀ. ಹತ್ತಿರ ಆಗಿರುತ್ತದೆ. ಹಾಗಂತ ಬಿಟ್ಟುಬಿಡುವ ಹಾಗೂ ಇಲ್ಲ. ಆ ಕಾಲು ಮಿ.ಮೀ. ಪ್ರತಿ ಕುಲುಕಿಗೂ ಬೇರಿಂಗನ್ನು ಕುಟ್ಟುತ್ತಲೇ ಇರುತ್ತದೆ.

ನನಗೆ ಬರುವ ದೂರುಗಳಲ್ಲಿ ಹೆಚ್ಚಿನವು ಕೊನೆಗೆ ಹೆಡ್‌ಸೆಟ್ಟಿಗೇ ಬಂದು ನಿಲ್ಲುತ್ತವೆ, ಆದ್ದರಿಂದ ಅದನ್ನೇ ವಿವರವಾಗಿ ಹೇಳುತ್ತೇನೆ. ಕ್ಲ್ಯಾಂಪು ಕೊಳವೆಯನ್ನು ಸುತ್ತಲಿಂದ ಹಿಡಿಯುತ್ತದೆ, ಸುತ್ತಿಕೊಂಡ ಮುಷ್ಟಿಯ ಹಾಗೆ. ಬೇರಿಂಗಿಗೆ ಬೇಕಾದದ್ದು ಮೇಲಿನಿಂದ ಕೆಳಕ್ಕೆ ಬೀಳುವ ಒತ್ತಡ. ಅದನ್ನು ಕೊಡುವ ಬೋಲ್ಟೋ ನಟ್ಟೋ ಬೇರೆಯೇ ಇರುತ್ತದೆ, ಹೆಚ್ಚಾಗಿ ಕಣ್ಣಿಗೆ ಕಾಣದ ಜಾಗದಲ್ಲಿ. ಎಷ್ಟೋ ಸ್ಕೂಟರುಗಳಲ್ಲಿ ಕ್ಲ್ಯಾಂಪು ಬಿಗಿಯಾಗಿರುವಾಗ ಆ ಒತ್ತಡದ ಬೋಲ್ಟನ್ನು ತಿರುಗಿಸಿದರೂ ಪ್ರಯೋಜನವಿಲ್ಲ, ಏಕೆಂದರೆ ಕೆಳಗೆ ಸರಿಯಬೇಕಾದ ಭಾಗವನ್ನು ಮುಷ್ಟಿ ಹಿಡಿದುಕೊಂಡಿದೆ. ಮೊದಲು ಕ್ಲ್ಯಾಂಪ್ ಸಡಿಲಿಸಿ, ಆಮೇಲೆ ಒತ್ತಡ ಕೊಡಿ, ಕಟ್ಟಕಡೆಗೆ ಕ್ಲ್ಯಾಂಪ್ ಬಿಗಿಸಿ. ಈ ಕ್ರಮ ಉಲ್ಟಾ ಮಾಡಿದ ಸ್ಕೂಟರುಗಳೇ ನನ್ನ ಬಳಿಗೆ ಎರಡನೇ ಸಲ ಬರುವುದು.

ಮಕ್ಕಳ ಮಡಚುವ ಸ್ಕೂಟರುಗಳಲ್ಲಿ ಹೆಚ್ಚಾಗಿ ಇರುವುದು ಥ್ರೆಡ್ ಇರುವ ಫೋರ್ಕು (ಮುಂದಿನ ಚಕ್ರವನ್ನು ಹಿಡಿದ ಕವೆ), ಅದರ ಮೇಲೆ ಎರಡು ನಟ್ಟು. ಕ್ಲ್ಯಾಂಪ್ ಸಡಿಲಿಸಿ ಹ್ಯಾಂಡಲ್ ಕಂಬವನ್ನು ಮೇಲಕ್ಕೆ ಎಳೆದು ತೆಗೆದರೆ ಅವು ಕಾಣುತ್ತವೆ. ಕೆಳಗಿನದು ಬೇರಿಂಗನ್ನು ಒತ್ತುವ ನಟ್ಟು, ಮೇಲಿನದು ಅದನ್ನು ಕದಲದಂತೆ ಕಾಯುವ ಲಾಕ್ ನಟ್ಟು. ಮೇಲಿನದನ್ನು ಬಿಚ್ಚಿ, ಕೆಳಗಿನದನ್ನು ಕೈಯಲ್ಲೇ ಆಟ ಹೋಗುವವರೆಗೆ ತಿರುಗಿಸಿ, ಒಂದು ಚೂರು ಹಿಂದಕ್ಕೆ ಬಿಡಿ. ಈಗ ಒಂದು ಸ್ಪ್ಯಾನರಿನಲ್ಲಿ ಕೆಳಗಿನದನ್ನು ಅಲ್ಲಾಡದಂತೆ ಹಿಡಿದು ಇನ್ನೊಂದರಲ್ಲಿ ಮೇಲಿನದನ್ನು ಬಿಗಿಸಿ. ಒಂದೇ ಸ್ಪ್ಯಾನರಿನಲ್ಲಿ ಮುಗಿಸುತ್ತೇನೆ ಎಂದು ಹೊರಟರೆ ಲಾಕ್ ನಟ್ಟು ಕೆಳಗಿನದನ್ನೂ ಜೊತೆಗೆ ಎಳೆದುಕೊಂಡು ಹೋಗುತ್ತದೆ, ಹ್ಯಾಂಡಲ್ ಗಟ್ಟಿಯಾಗಿ ಕೂತುಬಿಡುತ್ತದೆ. ಒಂದೇ ಸಲಕ್ಕೆ ಸರಿಯಾಗುವುದು ಅಪರೂಪ. ನನಗೂ ಎರಡು ಮೂರು ಸಲ ಬಿಚ್ಚಿ ಹಾಕಬೇಕಾಗುತ್ತದೆ.

ಸ್ಟಂಟ್ ಸ್ಕೂಟರುಗಳಲ್ಲಿ ಈ ಒತ್ತಡದ ವ್ಯವಸ್ಥೆಗೆ ಎಸ್‌ಸಿಎಸ್, ಎಚ್‌ಐಸಿ, ಐಎಚ್‌ಸಿ, ಐಸಿಎಸ್ ಎಂದು ಬೇರೆ ಬೇರೆ ಹೆಸರು. ಅಕ್ಷರಗಳಿಗೆ ಹೆದರಬೇಡಿ. ಮೊದಲ ಮೂರರಲ್ಲಿ ಹ್ಯಾಂಡಲ್ ಕಿತ್ತು ತೆಗೆದರೆ ಫೋರ್ಕಿನ ತಲೆಯ ಮೇಲೆ ಒಂದೇ ಬೋಲ್ಟು ಕಾಣುತ್ತದೆ. ಐಸಿಎಸ್‌ನಲ್ಲಿ ಅದು ಕೆಳಗಿನಿಂದ, ಫೋರ್ಕಿನ ಹೊಟ್ಟೆಯೊಳಗಿಂದ ಬರುತ್ತದೆ, ಕೆಲವೊಮ್ಮೆ ಮುಂದಿನ ಚಕ್ರ ತೆಗೆಯದೆ ಕೀ ಒಳಗೆ ಹೋಗುವುದಿಲ್ಲ. ಆ ಬೋಲ್ಟನ್ನು ಕಾಲು ಸುತ್ತು, ಮತ್ತೆ ಕಾಲು ಸುತ್ತು ಎಂದು ತಿರುಗಿಸಿ, ಪ್ರತಿ ಸಲ ಜಗ್ಗಿ ನೋಡಿ. ಟಕ್ ನಿಂತ ಕ್ಷಣ ನೀವೂ ನಿಲ್ಲಿ. ಸರಿಯಾಗಿದೆಯೇ ಎಂದು ನೋಡಲು ಸ್ಕೂಟರಿನ ಮುಂಭಾಗ ಎತ್ತಿ ಆಚೀಚೆ ವಾಲಿಸಿ. ಚಕ್ರ ತನ್ನ ತೂಕಕ್ಕೇ ಹೊರಳಬೇಕು. ಹೊರಳದಿದ್ದರೆ ಬಿಗಿ ಜಾಸ್ತಿಯಾಯಿತು. ಹೊರಳುತ್ತಾ ಮಧ್ಯದಲ್ಲಿ ಕಟಕಟ ಎಂದು ತಡೆತಡೆದು ನಿಂತರೆ ಬೇರಿಂಗೇ ಸವೆದಿದೆ. ಅದಕ್ಕೆ ಬಿಗಿ ಮದ್ದಲ್ಲ, ಹೊಸ ಬೇರಿಂಗು ಬೇಕು.

ಆಮೇಲೆ ಕ್ಲ್ಯಾಂಪು. ಕೊಳವೆಗೂ ಕ್ಲ್ಯಾಂಪಿನ ಒಳಮೈಗೂ ಗ್ರೀಸು ಬೇಡವೇ ಬೇಡ, ಅದು ಇರಬೇಕಾದದ್ದು ಬೇರಿಂಗಿನಲ್ಲಿ. ಸ್ಪಿರಿಟ್ ಹಾಕಿದ ಬಟ್ಟೆಯಲ್ಲಿ ಎರಡನ್ನೂ ಒರೆಸಿ. ಹ್ಯಾಂಡಲನ್ನು ತಳ ಮುಟ್ಟುವವರೆಗೆ ಇಳಿಸಿ, ಚಕ್ರಕ್ಕೆ ಅಡ್ಡಲಾಗಿ ಸರಿಯಾಗಿ ಕೂರಿಸಿ, ಬೋಲ್ಟುಗಳನ್ನು ಒಂದಾದ ಮೇಲೊಂದು ಸ್ವಲ್ಪ ಸ್ವಲ್ಪವೇ ಬಿಗಿಸುತ್ತಾ ಬನ್ನಿ. ಒಂದನ್ನೇ ಪೂರ್ತಿ ಬಿಗಿಸಿ ಇನ್ನೊಂದಕ್ಕೆ ಹೋದರೆ ಕ್ಲ್ಯಾಂಪಿನ ಬಾಯಿ ಸೊಟ್ಟಗಾಗುತ್ತದೆ. ಬಾಯಿ ಪೂರ್ತಿ ಮುಚ್ಚಿಕೊಂಡ ಮೇಲೂ ಹ್ಯಾಂಡಲ್ ಜಾರುತ್ತಿದ್ದರೆ ಕ್ಲ್ಯಾಂಪಿನ ಅಳತೆಯೇ ತಪ್ಪು. ಸ್ಟಂಟ್ ಹ್ಯಾಂಡಲ್‌ಗಳ ಹೊರ ಅಳತೆ ಕೆಲವದ್ದು 31.8 ಮಿ.ಮೀ., ದೊಡ್ಡವಕ್ಕೆ 34.9 ಮಿ.ಮೀ. ಸಣ್ಣದನ್ನು ದೊಡ್ಡ ಕ್ಲ್ಯಾಂಪಿಗೆ ಹಾಕಿ ನಡುವಿನ ಸಂದು ತುಂಬುವ ತೆಳು ಬಳೆ ಹಾಕದಿದ್ದರೆ ಎಷ್ಟು ತಿರುಗಿಸಿದರೂ ಹಿಡಿತ ಬರುವುದಿಲ್ಲ.

ಎಷ್ಟು ಬಲ ಹಾಕಬೇಕು? ಕಂಪನಿಯ ಕೈಪಿಡಿಯಲ್ಲಿ ಅಂಕಿ ಇದ್ದರೆ ಅದೇ ಅಂತಿಮ. ಅಂದಾಜು ಬೇಕಾದವರಿಗೆ ಇಷ್ಟು ಹೇಳಬಲ್ಲೆ: 10 ಸೆಂ.ಮೀ. ಉದ್ದದ ಅಲೆನ್ ಕೀಯ ತುದಿಗೆ ಹತ್ತು ಕಿಲೋ ತೂಕದಷ್ಟು ಒತ್ತಿದರೆ ಸುಮಾರು 10 ನ್ಯೂಟನ್ ಮೀಟರ್ (ತಿರುಗಿಸುವ ಬಲದ ಅಳತೆ) ಆಗುತ್ತದೆ. ಅದೇ ಕೀಗೆ ನನ್ನಂತೆ ಅರ್ಧ ಮೀಟರಿನ ಪೈಪ್ ಸಿಕ್ಕಿಸಿದರೆ ಅದೇ ಕೈ 50 ಹಾಕುತ್ತದೆ. ಅಲ್ಯೂಮಿನಿಯಂ ಥ್ರೆಡ್ ಅಷ್ಟನ್ನು ತಾಳುವುದಿಲ್ಲ. ಇನ್ನೊಂದು, ಕೀ ಸರಿಯಾದ ಅಳತೆಯದೇ ಇರಲಿ. ಇಂಚಿನ ಲೆಕ್ಕದ 3/16 ಕೀ 4.76 ಮಿ.ಮೀ. ಇರುತ್ತದೆ. 5 ಮಿ.ಮೀ. ತಲೆಯೊಳಗೆ ಹೋಗಿ ಕೂತ ಹಾಗೇ ಕಾಣುತ್ತದೆ, ತಿರುಗಿಸಿದ ಮೇಲೆ ಮೂಲೆಗಳನ್ನು ಉರುಟು ಮಾಡಿಟ್ಟು ಹೋಗುತ್ತದೆ.

ಮಡಿಕೆಯ ಲೀವರ್ ಸಡಿಲವಾದರೆ ಸುಲಭ, ಲೀವರ್ ತೆರೆದು ಎದುರು ಬದಿಯ ನಟ್ಟನ್ನು ಕಾಲು ಸುತ್ತು ಬಿಗಿಸಿ ಮತ್ತೆ ಮುಚ್ಚಿ. ಅರ್ಧ ದಾರಿಯಿಂದ ಅದು ಕೈಗೆ ಎದುರಾಡಲು ಶುರುಮಾಡಬೇಕು, ಮುಚ್ಚಿದ ಮೇಲೆ ಅಂಗೈ ಮೇಲೆ ಅಚ್ಚು ಉಳಿಯಬೇಕು. ಎತ್ತರದ ಪಟ್ಟಿಗೂ ಇದೇ ಉಪಾಯ. ಆದರೆ ಮಡಿಕೆಯ ಆಟವನ್ನು ನಾನು ಉಳಿದವುಗಳಷ್ಟು ಹಗುರವಾಗಿ ತೆಗೆದುಕೊಳ್ಳುವುದಿಲ್ಲ. 2019ರಲ್ಲಿ ಶಿಯೋಮಿ ಕಂಪನಿ ತನ್ನ ಎಂ365 ವಿದ್ಯುತ್ ಸ್ಕೂಟರುಗಳಲ್ಲಿ 10,257ನ್ನು ವಾಪಸ್ ಕರೆಸಿಕೊಂಡಿತು. ಕಾರಣ, ಮಡಚುವ ಭಾಗದ ಒಂದು ಸ್ಕ್ರೂ ಸಡಿಲವಾಗಿ ಓಡಿಸುವಾಗಲೇ ಕಂಬ ಮುರಿಯಬಹುದು ಎಂಬುದು. ಒಂದೇ ಒಂದು ಸ್ಕ್ರೂ. ಮಡಿಕೆಯ ಪಿನ್ನು ಸವೆದು ತೂತು ಅಂಡಾಕಾರ ಆಗಿದ್ದರೆ, ಬೆಸುಗೆಯ ಪಕ್ಕ ಕೂದಲೆಳೆಯಷ್ಟು ಬಿರುಕು ಕಂಡರೆ, ಕೀ ಕೆಳಗಿಡಿ. ಆ ಭಾಗ ಬದಲಾಯಿಸುವವರೆಗೆ ಯಾರೂ ಓಡಿಸುವುದು ಬೇಡ.

ಪುಟಾಣಿಗಳ ಮೂರು ಚಕ್ರದ ಸ್ಕೂಟರಿನ ವಿಷಯ ಬೇರೆ. ಹೆಚ್ಚಿನವುಗಳಲ್ಲಿ ಹ್ಯಾಂಡಲ್ ತಿರುಗುವುದೇ ಇಲ್ಲ, ಮೈ ವಾಲಿಸಿದ ಕಡೆಗೆ ವಾಲುತ್ತದೆ. ಆ ವಾಲುವಿಕೆಯನ್ನು ಸಡಿಲ ಅಂದುಕೊಂಡು ಸರಿಮಾಡಲು ಹೋದ ಅಪ್ಪಂದಿರು ನನಗೆ ಗೊತ್ತು.

"ಬಿಗಿ ಮಾಡಿ ವಾರ ಆಗಿಲ್ಲ, ಮತ್ತೆ ಲೂಸು" ಅನ್ನುವವರಿಗೆ ಉತ್ತರ ಚಕ್ರದಲ್ಲಿದೆ. ಸಣ್ಣ, ಗಟ್ಟಿ, ಗಾಳಿಯಿಲ್ಲದ ಚಕ್ರ, ನೆಲದ ಪ್ರತಿ ತರಿಯನ್ನೂ ನೇರ ಬೋಲ್ಟಿಗೇ ಕಳಿಸುತ್ತದೆ. ಬೋಲ್ಟಿಗೆ ಅಡ್ಡಲಾಗಿ ಬೀಳುವ ಅದುರು ಅದರ ನೇರಕ್ಕೆ ಬೀಳುವ ಅದುರಿಗಿಂತ ಬೇಗ ಅದನ್ನು ಬಿಚ್ಚುತ್ತದೆ ಎಂದು 1969ರಲ್ಲೇ ಗೆರ್ಹಾರ್ಡ್ ಯುಂಕರ್ ಎಂಬ ಜರ್ಮನ್ ಎಂಜಿನಿಯರ್ ಪ್ರಯೋಗ ಮಾಡಿ ತೋರಿಸಿದ್ದರು. ಪ್ರತಿ ಅದುರಿಗೂ ಥ್ರೆಡ್ ಒಂದಿಷ್ಟು ಜಾರುತ್ತದೆ, ಜಾರಿದಾಗೆಲ್ಲ ಬೋಲ್ಟು ಕೂದಲೆಳೆಯಷ್ಟು ಹಿಂದಕ್ಕೆ ತಿರುಗುತ್ತದೆ. ಮದ್ದು ಥ್ರೆಡ್ ಲಾಕರ್, ಬೋಲ್ಟು ಬಿಚ್ಚಿಕೊಳ್ಳದಂತೆ ಹಿಡಿದಿಡುವ ಅಂಟು. ಎಣ್ಣೆ ಒರೆಸಿದ ಬೋಲ್ಟಿಗೆ ನೀಲಿ ಬಣ್ಣದ್ದು ಒಂದು ಹನಿ, ಒಂದು ದಿನ ಒಣಗಲು ಬಿಡಿ. ಕೆಂಪು ಬೇಡ, ಮುಂದೊಂದು ದಿನ ಬಿಚ್ಚಲು ಬೆಂಕಿ ಹಿಡಿಯಬೇಕಾಗುತ್ತದೆ. ಪ್ಲಾಸ್ಟಿಕ್ ಭಾಗಕ್ಕೆ ತಾಗಿಸಬೇಡಿ, ಕೆಲವು ಪ್ಲಾಸ್ಟಿಕ್ ಅದಕ್ಕೆ ಸೀಳು ಬಿಡುತ್ತದೆ. ಹೊಸ ಸ್ಕೂಟರ್ ಆದರೆ ಮೊದಲ ನಾಲ್ಕೈದು ಸವಾರಿಗಳ ನಂತರ ಒಮ್ಮೆ ಎಲ್ಲ ಬೋಲ್ಟಿಗೂ ಕೀ ಮುಟ್ಟಿಸಿ ನೋಡಿ, ಬಿಡಿಭಾಗಗಳು ಒಂದಕ್ಕೊಂದು ಕೂತುಕೊಳ್ಳುವ ಕಾಲ ಅದು.

ಇಷ್ಟೆಲ್ಲ ಬರೆದಿಟ್ಟುಕೊಂಡು ಮೊನ್ನೆ ಒಬ್ಬರ ಮನೆಗೇ ಹೋದೆ. ಅಲೆನ್ ಕೀ, ಎರಡು ಸ್ಪ್ಯಾನರ್, ಥ್ರೆಡ್ ಲಾಕರ್ ಎಲ್ಲ ಚೀಲದಲ್ಲಿತ್ತು. ಜಗ್ಗಿದೆ, ಟಕ್ ಇಲ್ಲ. ತಿರುವಿದೆ, ಜಾರಲಿಲ್ಲ. ಸ್ಕೂಟರಿನ ಯಜಮಾನ, ಏಳು ವರ್ಷದವನು, ನನ್ನನ್ನು ಕನಿಕರದಿಂದ ನೋಡಿ, "ಅಂಕಲ್, ಅಲ್ಲಲ್ಲ, ಇಲ್ಲಿ" ಎಂದು ಹಿಡಿಯ ರಬ್ಬರನ್ನು ಗರಗರ ತಿರುಗಿಸಿ ತೋರಿಸಿದ. ರಬ್ಬರ್ ಕಳಚಿ, ಒಳಗೆ ಸ್ಪಿರಿಟ್ ಸವರಿ, ಒದ್ದೆಯಿರುವಾಗಲೇ ಮತ್ತೆ ತಳ್ಳಿ ಕೂರಿಸಿದೆ. ಒಣಗಿದ ಮೇಲೆ ಕಚ್ಚಿಕೊಂಡಿತು. ಕೀ ಚೀಲದಿಂದ ಹೊರಗೆ ಬರಲೇ ಇಲ್ಲ.