ಭಂಡಾರಕ್ಕೆ ಎರಡು ಬೀಗ

ನಿನ್ನೆ ಕಾಸರಗೋಡಿನಿಂದ ಬಸ್ಸಿನಲ್ಲಿ ಬರುವಾಗ ದೊಡ್ಡಪ್ಪ ಮಾತೇ ಆಡಲಿಲ್ಲ. ತೊಡೆಯ ಮೇಲೆ ರಾಜಿ ಡಿಕ್ರಿಯ, ಅಂದರೆ ಒಪ್ಪಂದದಂತೆ ಕೋರ್ಟು ಕೊಟ್ಟ ತೀರ್ಪಿನ, ನಕಲು, ಅದರ ಮೇಲೆ ಎರಡೂ ಕೈ. ದೇವಸ್ಥಾನದ ಮೊಕ್ತೇಸರಿಕೆಗಾಗಿ ನಮ್ಮ ಮನೆಗೂ ಕೆಳಗಿನ ಮನೆಗೂ ಇದ್ದ ವ್ಯಾಜ್ಯ ಮುಗಿಯಿತು. ಇನ್ನು ಆಡಳಿತ ವರ್ಷಕ್ಕೊಂದು ಮನೆಯದು. ಭಂಡಾರಕ್ಕೆ ಎರಡು ಬೀಗ, ಮನೆಗೊಂದು ಕೀಲಿಕೈ.

ಜಗಲಿಯಲ್ಲಿ ಕೂತು ಒಪ್ಪಿಕೊಂಡರೆ ಸಾಕು ಅಂದುಕೊಂಡಿದ್ದೆ. ವಕೀಲರು ಬಿಡಿಸಿ ಹೇಳಿದರು: ಇದು ಊರ ಭಕ್ತರೆಲ್ಲರ ಪರವಾಗಿ ಹೂಡಿದ ದಾವೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೇ ಆದೇಶಕ್ಕೆ 1976ರ ತಿದ್ದುಪಡಿಯಲ್ಲಿ ಸೇರಿದ 3ಬಿ ನಿಯಮದಂತೆ, ಇಂಥದರಲ್ಲಿ ಕೋರ್ಟಿನ ಅನುಮತಿ ಇಲ್ಲದ ರಾಜಿ ಅಸಿಂಧು. ಸಂಬಂಧಪಟ್ಟವರಿಗೆ ಮೊದಲು ನೋಟೀಸು ಹೋಗಬೇಕು. ಸರಿಯಾದದ್ದೇ. ದೇವರು ನಮ್ಮೆರಡು ಮನೆಯ ಸೊತ್ತಲ್ಲವಲ್ಲ.

ದೊಡ್ಡಪ್ಪನಿಗೆ ಮಲಯಾಳ ಓದಲು ಬಾರದು. ಸಹಿ ಹಾಕುವ ಮೊದಲು ಕರಡನ್ನು ಕನ್ನಡಕ್ಕೆ ಇಳಿಸಿ ಸಾಲು ಸಾಲಾಗಿ ಓದಿ ಹೇಳಿದವನು ನಾನು. ತುಳುನಾಡಿನಲ್ಲಿ ವರ್ಷದ ಉತ್ಸವಗಳು ಮುಗಿಯುವ ದಿನವಾದ ಪತ್ತನಾಜೆಯ ಸೇವೆ ಎರಡೂ ಮನೆಯವರು ಸೇರಿ ನಡೆಸುವುದು ಎಂಬಲ್ಲಿಗೆ ಬಂದಾಗ, "ಇನ್ನೊಮ್ಮೆ ಓದು ಮಗ" ಅಂದರು.

ಬಸ್ಸಿಳಿದಾಗ ಕತ್ತಲಾಗಿತ್ತು. ಕೆಳಗಿನ ಮನೆಯ ಚಿಕ್ಕಪ್ಪ ಟಾರ್ಚ್ ಹಿಡಿದು ನಿಂತಿದ್ದರು.

"ಅಣ್ಣಾ, ತೋಡಿನ ಸಂಕ ಜಾರ್ತದೆ. ಕೈ ಕೊಡಿ."