ವೀರಗಲ್ಲನ್ನು ಕೆಳಗಿನಿಂದ ಓದಬೇಕು

ಊರ ಬಾಗಿಲಲ್ಲಿ ಅರ್ಧ ಹೂತು ನಿಂತ ವೀರಗಲ್ಲಿಗೆ ಸುತ್ತಲಿನವರು ಹೇಳುವ ಕಥೆ ಹೆಚ್ಚಾಗಿ ಯಾವುದೋ ದೊರೆಯ ದೊಡ್ಡ ಯುದ್ಧದ್ದು. ಕಲ್ಲು ಹೇಳುವುದು ಎಷ್ಟೋ ಸಲ ಬೇರೆಯೇ. ಕೆಳಗಿನ ಪಟ್ಟಿಕೆಯಲ್ಲಿ (ಕೆತ್ತನೆಯ ಅಡ್ಡ ಸಾಲಿನಲ್ಲಿ) ಹಸುಗಳಿದ್ದರೆ ಅದು ತುರುಗೊಳ್ ಕಲ್ಲು, ಅಂದರೆ ದನ ಹೊಡೆದೊಯ್ಯಲು ಬಂದವರ ಜೊತೆ ಕಾದಿ ಸತ್ತವನ ಕಲ್ಲು. ನಡುವೆ ಅವನನ್ನು ಕರೆದೊಯ್ಯುವ ಅಪ್ಸರೆಯರು, ಮೇಲೆ ಲಿಂಗದ ಸನ್ನಿಧಿ (ಜೈನನಾದರೆ ಜಿನನದು), ತುದಿಯಲ್ಲಿ ಸೂರ್ಯ ಚಂದ್ರ. ಈ ಅಚ್ಚು ಶತಮಾನಗಟ್ಟಲೆ ಹೆಚ್ಚು ಬದಲಾಗಲಿಲ್ಲ. ಮುಖ ನೋಡಿ ವೀರ ಯಾರೆಂದು ತಿಳಿಯದು; ಗುರುತು ಪಟ್ಟಿಕೆಗಳ ನಡುವಿನ ಅಂಚಿನ ಬರಹದಲ್ಲಿದೆ. ಅದು ಸವೆದರೆ ಸತ್ತವನು ದೇವರಾಗುತ್ತಾನೆ, ಎಣ್ಣೆ ಸುಣ್ಣ ಬಿದ್ದು ಉಳಿದ ಅಕ್ಷರವೂ ಮುಚ್ಚುತ್ತದೆ. ಹೆಸರು ಹೋದ ಜಾಗಕ್ಕೆ ದೊರೆಯ ಯುದ್ಧ ಬಂದು ಕೂರುವುದು ಹೀಗೆ.

ದೊಡ್ಡ ಯುದ್ಧ, ಸಣ್ಣ ಸಾವು ಎರಡೂ ಒಂದೇ ಕಲ್ಲಿನಲ್ಲಿ ಸಿಗುವುದು ಮಂಡ್ಯ ಜಿಲ್ಲೆಯ ಆತಕೂರಿನ ಶಾಸನದಲ್ಲಿ. ಈಗ ಅದು ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ರಾಷ್ಟ್ರಕೂಟ ಮೂರನೆಯ ಕೃಷ್ಣನ ಪರವಾಗಿ ಗಂಗರ ದೊರೆ ಬೂತುಗ ಈಗಿನ ತಮಿಳುನಾಡಿನ ತಕ್ಕೋಲದಲ್ಲಿ ಚೋಳ ರಾಜಾದಿತ್ಯನನ್ನು ಕೊಂದದ್ದು, ಬನವಾಸಿ 12000, ಬೆಳ್ವೊಲ 300 (ಅಂಕಿ ನಾಡಿನ ಹೆಸರಿನದೇ ಭಾಗ) ಮೊದಲಾದ ನಾಡುಗಳನ್ನು ಪಡೆದದ್ದು ಅದರಲ್ಲಿದೆ. ಆದರೆ ಕೆತ್ತಿರುವ ಚಿತ್ರ ನಾಯಿ ಮತ್ತು ಹಂದಿಯದು! ಬೂತುಗನ ಸೇವಕ ಮಣಲೇರ ಬೇಡಿ ಪಡೆದ ಕಾಳಿ ಎಂಬ ಬೇಟೆನಾಯಿ ಕಾಡುಹಂದಿಯೊಡನೆ ಹೋರಾಡಿ ಸತ್ತಿತು, ಹಂದಿಯೂ ಸತ್ತಿತು. ಕಲ್ಲು ನಿಂತದ್ದು ಕಾಳಿಗಾಗಿ, ಅದರ ಪೂಜೆಗೆ ಭೂಮಿಯನ್ನೂ ಬಿಟ್ಟರು. ತಕ್ಕೋಲದ ಕಾಳಗಕ್ಕೆ ಮುಖ್ಯ ಆಧಾರಗಳಲ್ಲೊಂದು ನಾಯಿಯ ಸ್ಮಾರಕ ಎನ್ನುವುದು ನನಗೆ ಬಹಳ ಇಷ್ಟ.

ಓದುವಾಗ ನೆತ್ತಿಯ ಬಿಸಿಲು ಬೇಡ. ಬೆಳಗ್ಗೆ ಇಲ್ಲವೇ ಸಂಜೆಯ ಓರೆ ಬೆಳಕಿನಲ್ಲಿ, ರಾತ್ರಿಯಾದರೆ ಪಕ್ಕದಿಂದ ಟಾರ್ಚ್ ಹಿಡಿದು ನೋಡಿ. ಪಡಿಯಚ್ಚು, ಅಂದರೆ ಬರಹದ ಅಚ್ಚನ್ನು ಕಾಗದದ ಮೇಲೆ ತೆಗೆಯಲು ಮೊದಲು ಪುರಾತತ್ವ ಇಲಾಖೆಯ ಅನುಮತಿ. ಆಮೇಲೆ ಬರೀ ನೀರು, ಮೆತ್ತನೆಯ ಬ್ರಷ್‌ನಿಂದ ಕಲ್ಲು ತೊಳೆದು, ಒದ್ದೆ ಕಾಗದ ಹರಡಿ, ಬ್ರಷ್‌ನಿಂದ ತಟ್ಟಿ ಅಕ್ಷರದ ಗುಳಿಗಿಳಿಸಬೇಕು. ಕಾಗದ ಅರೆಬರೆ ಒಣಗಿದಾಗ ಶಾಯಿಯ ಉಂಡೆಯಿಂದ ಹಗುರವಾಗಿ ಒತ್ತಿದರೆ ಅಕ್ಷರ ಬಿಳಿಯಾಗಿ ಉಳಿಯುತ್ತದೆ. ತೇವ ಹೆಚ್ಚಿದ್ದರೆ ಶಾಯಿ ಹರಡುತ್ತದೆ. ಪೂರ್ತಿ ಒಣಗಿದರೆ ಕಾಗದ ಕಲ್ಲು ಬಿಟ್ಟು ಏಳುತ್ತದೆ. ಅಕ್ಷರದ ಗುಳಿಗೆ ಸೀಮೆಸುಣ್ಣ ತುಂಬುವ ಅಭ್ಯಾಸ ಮಾತ್ರ ಬಿಡಿ: ತುಂಬುವವನು ತಾನು ಊಹಿಸಿದ ಅಕ್ಷರವನ್ನೇ ತುಂಬುತ್ತಾನೆ, ಮುಂದಿನವನು ಆ ಫೋಟೋ ನೋಡಿ ಅದನ್ನೇ ಶಾಸನದ ಮೂಲ ಪಾಠವೆಂದು ಬರೆದುಕೊಳ್ಳುತ್ತಾನೆ.